ಬೀಳುವವನ ಹೆಸರೇನು?

ಸೊರಬದಲ್ಲಿ ನನಗೆ ಕರಾಟೆ ಕಲಿಸಿದ ಮಾಸ್ಟರೊಬ್ಬರಿದ್ದಾರೆ. ಒಂದು ಕನ್ನಡ ಸಿನಿಮಾದಲ್ಲಿ ಅವರು ಎರಡು ಸೆಕೆಂಡು ಕಾಣಿಸುತ್ತಾರೆ, ಅದೂ ಬೆನ್ನು ಮಾತ್ರ. ಹೀರೋ ಎದೆಗೆ ಒದೆಯುತ್ತಾನೆ, ಮಾಸ್ಟರು ಹಿಂದಕ್ಕೆ ಹಾರಿ ತರಕಾರಿ ಗಾಡಿಯ ಮೇಲೆ ಬೀಳುತ್ತಾರೆ, ಟೊಮೆಟೊ ಚೆಲ್ಲಾಪಿಲ್ಲಿಯಾಗುತ್ತದೆ, ಅಷ್ಟೇ. ಹೈಸ್ಕೂಲಿನಲ್ಲಿದ್ದಾಗ ನಾವು ಏಳೆಂಟು ಶಿಷ್ಯರು ಸಿಡಿ ಹಾಕಿಕೊಂಡು ಆ ಎರಡು ಸೆಕೆಂಡನ್ನು ನಿಲ್ಲಿಸಿ, ಹಿಂದಕ್ಕೆ ತಿರುಗಿಸಿ ಮತ್ತೆ ಮತ್ತೆ ನೋಡಿದ್ದೆವು. ಆಮೇಲೆ ಟೈಟಲ್ಲಿನಲ್ಲಿ ಅವರ ಹೆಸರು ಹುಡುಕಿದೆವು. ಊಟ ಒದಗಿಸಿದವರ ಹೆಸರಿತ್ತು. ಜನರೇಟರ್ ಕೊಟ್ಟವರ ಹೆಸರಿತ್ತು. ಶೂಟಿಂಗಿಗೆ ಮನೆ ಬಿಟ್ಟುಕೊಟ್ಟ ಸಾಹುಕಾರರಿಗೆ ಕೃತಜ್ಞತೆಯೂ ಇತ್ತು. ಇವೆಲ್ಲ ಇರಬೇಕಾದ್ದೇ. ನಮ್ಮ ಮಾಸ್ಟರ ಹೆಸರು ಮಾತ್ರ ಇರಲಿಲ್ಲ.

ಈಗ ನಾನು ಕನ್ನಡ ಸಿನಿಮಾದ ಮೇಲೆ ಸಂಶೋಧನೆ ಮಾಡುತ್ತಿದ್ದೇನೆ. ಆ ಹೆಸರು ಯಾಕಿರಲಿಲ್ಲ ಎಂಬ ಪ್ರಶ್ನೆ ನನ್ನನ್ನು ಬಿಟ್ಟಿಲ್ಲ. ಚಿತ್ರರಂಗದವರನ್ನು ಬೈದು ಕೈತೊಳೆದುಕೊಳ್ಳುವುದು ಸುಲಭ. ನನ್ನ ತಕರಾರು ಅವರ ಮೇಲೆ ಎಷ್ಟಿದೆಯೋ, ಸಿನಿಮಾದ ಬಗ್ಗೆ ಬರೆಯುವ, ಓದುವ, ಪಾಠ ಮಾಡುವ ನಮ್ಮ ಮೇಲೂ ಅಷ್ಟೇ ಇದೆ. ಕನ್ನಡ ಸಿನಿಮಾ ಹೊಡೆದಾಟದ ವಿದ್ಯೆ ಬಲ್ಲವರ ಮೈಯನ್ನು ಬಳಸಿಕೊಂಡಿತು, ವಿದ್ಯೆಯನ್ನು ಲೆಕ್ಕಕ್ಕೆ ಇಟ್ಟುಕೊಳ್ಳಲಿಲ್ಲ. ನಾವು ಅದನ್ನು ವಿದ್ಯೆ ಎಂದೇ ಒಪ್ಪಲಿಲ್ಲ.

ಒಂದು ಸೆಮಿನಾರಿನಲ್ಲಿ ಫೈಟರುಗಳ ಬಗ್ಗೆ ಪ್ರಬಂಧ ಓದಿದೆ. ಮುಗಿದ ಮೇಲೆ ಹಿರಿಯರೊಬ್ಬರು ನಗುತ್ತಾ, “ಡಿಶುಂ ಡಿಶುಂ ಮೇಲೂ ಪಿಎಚ್‌ಡಿ ಮಾಡ್ತಾರೇನಮ್ಮಾ?” ಎಂದರು. ಸಭೆ ನಕ್ಕಿತು, ನಾನೂ ನಕ್ಕೆ. ಬಸ್ಸಿನಲ್ಲಿ ವಾಪಸು ಬರುವಾಗ ಉತ್ತರ ಹೊಳೆಯಿತು. ಅವರು ಮೂವತ್ತು ವರ್ಷ ಪಾಠ ಮಾಡಿದ್ದು ರನ್ನನ ಗದಾಯುದ್ಧವನ್ನು! ಇಬ್ಬರು ಗಂಡಸರು ಗದೆ ಹಿಡಿದು ಒಬ್ಬರನ್ನೊಬ್ಬರು ಬಡಿಯುವುದನ್ನು ಪೆಟ್ಟು ಪೆಟ್ಟಾಗಿ ವರ್ಣಿಸುವ ಕಾವ್ಯ ಅದು. ಅದರ ಇನ್ನೊಂದು ಹೆಸರು ಸಾಹಸಭೀಮ ವಿಜಯ. ಸಿನಿಮಾದ ಟೈಟಲ್ ಕಾರ್ಡಿನಲ್ಲಿ ಫೈಟ್ ಮಾಸ್ಟರ ಹೆಸರಿನ ಮೇಲೆ ಬರುವುದೂ ಅದೇ ಪದ: ಸಾಹಸ. ಪಂಪಭಾರತದಲ್ಲಿ ದ್ರೋಣ ತನ್ನ ಶಿಷ್ಯರ ಬಿಲ್ವಿದ್ಯೆಯನ್ನು ನೆರೆದ ಸಭೆಯ ಮುಂದೆ ಪ್ರದರ್ಶನಕ್ಕಿಡುತ್ತಾನೆ. ಅಲ್ಲಿ ಕಲಿಸುವುದೂ ತೋರಿಸುವುದೂ ಒಂದೇ ಅಂಗಳದಲ್ಲಿ ನಡೆಯುತ್ತವೆ. ಅಷ್ಟೇ ವಿದ್ಯೆ ಇದ್ದ ಕರ್ಣ ಬಂದು ನಿಂತಾಗ ಅವನ ಕುಲ ಕೇಳುತ್ತಾರೆ. ಇದನ್ನು ಎಂಎ ತರಗತಿಯಲ್ಲಿ ಕಣ್ಣೀರು ತುಂಬಿಕೊಂಡು ಪಾಠ ಮಾಡುವ ನಾವು, ಸಿನಿಮಾದ ಅಂಗಳಕ್ಕೆ ಬಂದ ಕೂಡಲೇ ಹೊಡೆದಾಟಕ್ಕೆ ‘ಮಸಾಲೆ’ ಎಂದು ಹೆಸರಿಟ್ಟು ಮುಂದೆ ಹೋಗುತ್ತೇವೆ. ಹಳಗನ್ನಡದಲ್ಲಿದ್ದರೆ ವೀರರಸ, ಗಾಂಧಿನಗರದಲ್ಲಿದ್ದರೆ ಮಸಾಲೆ.

ಇದರಲ್ಲಿ ವಿದ್ಯೆ ಏನಿದೆ ಎಂದು ಕೇಳುವವರಿಗೆ ಸ್ವಲ್ಪ ವಿವರವಾಗಿಯೇ ಹೇಳಬೇಕು.

ಡೋಜೋದಲ್ಲಿ ಕಲಿಸುವ ಕರಾಟೆಯೂ ಪರದೆಯ ಮೇಲಿನ ಫೈಟೂ ಒಂದೇ ಅಲ್ಲ, ಹಲವು ಕಡೆ ಒಂದಕ್ಕೊಂದು ಉಲ್ಟಾ. ಕರಾಟೆಯಲ್ಲಿ ಕೈ ಹೊರಡುವುದು ಎದುರಾಳಿಗೆ ಗೊತ್ತಾಗಬಾರದು, ಹತ್ತಿರದ ದಾರಿಯಲ್ಲಿ ಹೋಗಿ ತಾಗಿ ಹಿಂದಕ್ಕೆ ಬರಬೇಕು. ಸಿನಿಮಾದಲ್ಲಿ ಅದೇ ಕೈ ಕೊನೆಯ ಬೆಂಚಿನವನಿಗೂ ಕಾಣುವಂತೆ ಅಗಲವಾಗಿ ಬೀಸಿ ಬರಬೇಕು, ಆದರೆ ತಾಗಬಾರದು. ಮುಖದಿಂದ ಒಂದು ಗೇಣು ದೂರದಲ್ಲಿ ಮುಷ್ಟಿ ಹಾದುಹೋಗುತ್ತದೆ. ಆ ಗೇಣು ಕಾಣದ ಕಡೆ ಕ್ಯಾಮೆರಾ ಇಟ್ಟಿರುತ್ತಾರೆ. ಸದ್ದನ್ನು ಆಮೇಲೆ ಸೇರಿಸುತ್ತಾರೆ. ಹಾಗಾದರೆ ಪೆಟ್ಟು ಬಿತ್ತೆಂದು ನಾವು ನಂಬುವುದು ಯಾರಿಂದ? ಹೊಡೆದವನಿಂದಲ್ಲ, ಹೊಡೆಸಿಕೊಂಡವನಿಂದ. ತಾಗದ ಮುಷ್ಟಿಗೆ ಸರಿಯಾದ ಕ್ಷಣದಲ್ಲಿ ಕತ್ತು ತಿರುಗಿಸುವವನು, ಬಾರದ ಒದೆತಕ್ಕೆ ನೆಲದಿಂದ ಕಾಲು ಕಿತ್ತು ಹಾರುವವನು ಅವನು. ಅವನು ಅರ್ಧ ಸೆಕೆಂಡು ತಡಮಾಡಿದರೆ ಹೀರೋನ ಒದೆತ ಮಕ್ಕಳಾಟ. ಹೀರೋನ ಶಕ್ತಿ ಇರುವುದು ಬೀಳುವವನ ಮೈಯಲ್ಲಿ.

ನಮ್ಮ ಮಾಸ್ಟರು ಮೊದಲ ತಿಂಗಳು ನಮಗೆ ಒಂದೂ ಪಂಚು ಕಲಿಸಲಿಲ್ಲ. ಬೀಳುವುದನ್ನು ಕಲಿಸಿದರು. ಗದ್ದವನ್ನು ಎದೆಗೆ ಒತ್ತಿಕೊಂಡು, ಬೆನ್ನು ಚೆಂಡಿನಂತೆ ಬಗ್ಗಿಸಿ, ತಲೆ ನೆಲ ಮುಟ್ಟುವ ಮೊದಲು ಅಂಗೈಯಿಂದ ನೆಲಕ್ಕೆ ಬಡಿಯಬೇಕು. ಬಿದ್ದ ಭಾರ ಒಂದೇ ಎಲುಬಿನ ಮೇಲೆ ಕೂರದೆ ಮೈತುಂಬ ಹಂಚಿಹೋಗಬೇಕು. ಜೋರಾಗಿ ಉಸಿರು ಬಿಡಬೇಕು. ಶಾಲೆಯ ಮೈದಾನದ ಜಂಬಿಟ್ಟಿಗೆ ಮಣ್ಣಿನಲ್ಲಿ ಸಾವಿರ ಸಲ ಬಿದ್ದಿದ್ದೇವೆ. ಮನೆಯಲ್ಲಿ ಅಮ್ಮ ಯೂನಿಫಾರ್ಮಿನ ಕೆಂಪು ಕಲೆ ತಿಕ್ಕುತ್ತಾ ಬೈಯುತ್ತಿದ್ದಳು. ನಾನು ಯಾರಿಗೂ ಈವರೆಗೆ ಹೊಡೆದಿಲ್ಲ. ಆದರೆ ಎರಡು ವರ್ಷದ ಹಿಂದೆ ಸ್ಕೂಟರಿನಿಂದ ಬಿದ್ದಾಗ ತಲೆ ಉಳಿದದ್ದು ಆ ಪಾಠದಿಂದ.

ಈ ವಿದ್ಯೆಯನ್ನು ಕಲಿಸುವುದಕ್ಕೂ ಪರದೆಯ ಮೇಲೆ ಆಡುವುದಕ್ಕೂ ನಡುವೆ ದಾರಿ ಮಾಡಿದವನು ಬ್ರೂಸ್ ಲೀ. ಅವನು ಮೊದಲು ಮೇಷ್ಟ್ರು. ಹಾಂಗ್‌ಕಾಂಗಿನಲ್ಲಿ ಇಪ್ ಮಾನ್ ಬಳಿ ವಿಂಗ್ ಚುನ್ ಕಲಿತು, ಅಮೆರಿಕಕ್ಕೆ ಹೋಗಿ ಸಿಯಾಟಲ್, ಓಕ್‌ಲ್ಯಾಂಡ್, ಲಾಸ್ ಏಂಜಲೀಸಿನಲ್ಲಿ ಶಾಲೆ ನಡೆಸಿದ. ಸ್ಟೀವ್ ಮೆಕ್ವೀನನಂಥ ತಾರೆಗಳು ಅವನ ಶಿಷ್ಯರು. 1966ರಲ್ಲಿ ‘ಗ್ರೀನ್ ಹಾರ್ನೆಟ್’ ಟಿವಿ ಸರಣಿಗೆ ಬಂದಾಗ, ನಿನ್ನ ಕೈ ಕ್ಯಾಮೆರಾಗೆ ಕಾಣುತ್ತಿಲ್ಲ, ನಿಧಾನ ಮಾಡು ಎಂದು ಅವನಿಗೇ ಹೇಳಬೇಕಾಯಿತು. ಕಲಿಸುವಾತನಾಗಿದ್ದರಿಂದಲೇ ಪರದೆಗೆ ಬೇಕಾದ ಹೊಸ ವ್ಯಾಕರಣವನ್ನು ಕಟ್ಟಿಕೊಂಡ. 1973ರ ಜುಲೈ 20ರಂದು, 32ನೇ ವಯಸ್ಸಿನಲ್ಲಿ ಸತ್ತ. ಅವನ ‘ಎಂಟರ್ ದ ಡ್ರ್ಯಾಗನ್’ ತೆರೆಕಂಡದ್ದು ಆಮೇಲೆ. ಅದರಲ್ಲಿ ಲೀಯಿಂದ ಪೆಟ್ಟು ತಿಂದು ಬೀಳುವ ಹೆಸರಿಲ್ಲದ ಹುಡುಗರಲ್ಲೊಬ್ಬ ಜಾಕಿ ಚಾನ್. ಮುಂದೆ ಅವನು ತಾರೆಯಾದಾಗ ತನ್ನದೇ ಸ್ಟಂಟ್ ತಂಡ ಕಟ್ಟಿದ. ಸಿನಿಮಾದ ಕೊನೆಯಲ್ಲಿ, ಹೆಸರುಗಳ ಜೊತೆಗೆ, ತಪ್ಪಿ ಬಿದ್ದದ್ದನ್ನೂ ಗಾಯಗೊಂಡದ್ದನ್ನೂ ತೋರಿಸತೊಡಗಿದ. ನೀವು ಚಪ್ಪಾಳೆ ತಟ್ಟಿದ್ದಕ್ಕೆ ಬೆಲೆ ಕೊಟ್ಟವರು ಇವರು ಎಂದು ಪ್ರೇಕ್ಷಕರಿಗೆ ತೋರಿಸಿದಂತಾಯಿತು.

ಅದೇ 1973ರಲ್ಲಿ ನಮ್ಮ ಪಕ್ಕದ ಸಾಗರ ತಾಲೂಕಿನ ಹೆಗ್ಗೋಡಿನಲ್ಲಿ ನೀನಾಸಂ ಚಿತ್ರಸಮಾಜ ಹುಟ್ಟಿತು. ಹಳ್ಳಿಯ ಜನ ಜಗತ್ತಿನ ದೊಡ್ಡ ನಿರ್ದೇಶಕರ ಚಿತ್ರ ನೋಡಿ ಚರ್ಚೆ ಮಾಡಿದರು. ಸಿನಿಮಾವನ್ನು ಗಂಭೀರವಾಗಿ ನೋಡುವುದನ್ನು ನಮ್ಮ ಸೀಮೆ ಕಲಿತದ್ದು ಅಲ್ಲಿ. ಆ ಋಣ ನನ್ನ ಮೇಲೂ ಇದೆ. ಆದರೆ ಆ ಗಂಭೀರ ನೋಟ ಯಾವತ್ತೂ ಸೊರಬ, ಶಿಕಾರಿಪುರದ ಟಾಕೀಸಿನ ಕಡೆ ತಿರುಗಲಿಲ್ಲ. ನಮ್ಮೂರಿಗೆ ಸಿನಿಮಾ ದೂರದ್ದಾಗಿರಲಿಲ್ಲ. ಬಂಗಾರಪ್ಪನವರ ಮಗ ಕುಮಾರ್ ಬಂಗಾರಪ್ಪ ‘ಅಶ್ವಮೇಧ’ದಲ್ಲಿ ಹೀರೋ, ಅಳಿಯ ಶಿವರಾಜ್‌ಕುಮಾರ್. ಊರಿನ ಹುಡುಗರಿಗೆ ಹೀರೋ ಆಗುವ ಆಸೆ ಇರಲಿಲ್ಲ, ಅದು ದೊಡ್ಡವರ ಮನೆಯ ಮಾತು. ಹೀರೋ ಕೈಲಿ ಪೆಟ್ಟು ತಿನ್ನುವ ಆಸೆ ಇತ್ತು. ನಮ್ಮ ಮಾಸ್ಟರು ಬೆಂಗಳೂರಿನ ಬಸ್ಸು ಹತ್ತಿದ್ದು ಅದಕ್ಕೇ.

ಈಗ ಬಿರುದುಗಳ ಲೆಕ್ಕ ನೋಡೋಣ. ಶಂಕರ್‌ನಾಗ್ ಅಭಿಮಾನಿಗಳಿಗೆ ‘ಕರಾಟೆ ಕಿಂಗ್’. ಅವರು ಬಂದದ್ದು ರಂಗಭೂಮಿಯಿಂದ. ನಾನೂ ಅವರ ಅಭಿಮಾನಿಯೇ, ಆಟೋ ಸ್ಟ್ಯಾಂಡಿನ ಅವರ ಫೋಟೋಗೆ ಕೈಯೆತ್ತುವವಳು. ವಿಷ್ಣುವರ್ಧನ್ ‘ಸಾಹಸಸಿಂಹ’. ಈ ಬಿರುದುಗಳನ್ನು ಕಿತ್ತುಕೊಳ್ಳಿ ಎನ್ನುತ್ತಿಲ್ಲ. ಆದರೆ ಕರಾಟೆ ಕಿಂಗಿನ ಎದುರು ಬಿದ್ದು ಅವರನ್ನು ಕಿಂಗ್ ಮಾಡಿದವರಲ್ಲಿ ಒಬ್ಬರ ಹೆಸರನ್ನಾದರೂ ಹೇಳಿ ನೋಡೋಣ. ಫೈಟರಾಗಿ ಬಂದು ಖಳನಾಗಿ, ಹೀರೋ ಆಗಿ ಬೆಳೆದ ಟೈಗರ್ ಪ್ರಭಾಕರ್ ಹೆಸರು ಹೇಳುತ್ತೀರಿ. ಥ್ರಿಲ್ಲರ್ ಮಂಜು ಹೆಸರು ಹೇಳುತ್ತೀರಿ. ಅಲ್ಲಿಗೆ ಬಾಯಿ ಕಟ್ಟುತ್ತದೆ. ದೀಪಾವಳಿ ಮುಗಿದ ಮೇಲೆ ನಮ್ಮ ಕಡೆ ಹೋರಿ ಬೆದರಿಸುವ ಹಬ್ಬ ನಡೆಯುತ್ತದಲ್ಲ, ಅಲ್ಲೂ ಹೀಗೇ. ಹೋರಿಯ ಹೆಸರನ್ನು ಮೈಕಿನಲ್ಲಿ ಕೂಗುತ್ತಾರೆ. ಕೊಂಬರಿ ಕೀಳಲು ಹೋಗಿ ತುಳಿಸಿಕೊಂಡವನು ‘ಯಾರೋ ಆನವಟ್ಟಿ ಕಡೆ ಹುಡುಗ’.

ಇದಕ್ಕೆ ಚಿತ್ರರಂಗದವರದ್ದು ಒಂದು ಸಿದ್ಧ ಉತ್ತರವಿದೆ. ಫೈಟರು, ಡ್ಯೂಪು ಕಾಣಬಾರದು, ಕಂಡರೆ ಭ್ರಮೆ ಒಡೆಯುತ್ತದೆ ಎನ್ನುತ್ತಾರೆ. ಒಪ್ಪೋಣ, ಪರದೆಯ ಮೇಲೆ ಕಾಣುವುದು ಬೇಡ. ಹಿನ್ನೆಲೆ ಗಾಯಕರೂ ಪರದೆಯ ಮೇಲೆ ಕಾಣುವುದಿಲ್ಲ. ರಾಜ್‌ಕುಮಾರ್ ತುಟಿಗೆ ಪಿ.ಬಿ. ಶ್ರೀನಿವಾಸ್ ದನಿ ಎಂದು ಕರ್ನಾಟಕದ ಮಗುವಿಗೂ ಗೊತ್ತಿತ್ತು. ಯಾರ ಭ್ರಮೆ ಒಡೆಯಿತು? ಯಾವ ಹಾಡಿನ ರಸ ಕೆಟ್ಟಿತು? ಗಂಟಲು ಕೊಟ್ಟವನಿಗೆ ಹೆಸರು, ಬೆನ್ನು ಕೊಟ್ಟವನಿಗೆ ಕೂಲಿ. ಇದು ಭ್ರಮೆಯ ಪ್ರಶ್ನೆಯಲ್ಲ, ಮೈ ಕೆಲಸಕ್ಕೆ ನಾವು ಕೊಟ್ಟಿರುವ ಸ್ಥಾನದ ಪ್ರಶ್ನೆ. ಈ ನಾಡಿನಲ್ಲಿ ಅದರ ಹಿಂದೆ ಯಾವ ಲೆಕ್ಕಾಚಾರವಿದೆ ಎಂದು ಕರ್ಣನ ಕತೆ ಓದಿದವರಿಗೆ ನಾನು ಬಿಡಿಸಿ ಹೇಳಬೇಕಿಲ್ಲ.

ಇನ್ನೊಂದು ಆಕ್ಷೇಪ ನನ್ನ ಗೆಳತಿಯರದ್ದು. ಗಂಡಸಿನ ಹಿಂಸೆಯನ್ನು ವೈಭವೀಕರಿಸುವ ದೃಶ್ಯಗಳಿಗೆ ಹೆಣ್ಣಾದ ನೀನು ಯಾಕೆ ವಕಾಲತ್ತು ಮಾಡುತ್ತೀ ಎನ್ನುತ್ತಾರೆ. ಗಟ್ಟಿಯಾದ ಪ್ರಶ್ನೆ. ಆದರೆ ಸಿನಿಮಾದ ಹಿಂಸೆ ನಮಗೆ ರುಚಿಸುವುದು, ಅದು ಒಬ್ಬ ಗಂಡಸಿನ ಸ್ವಂತ ಶಕ್ತಿ ಎಂದು ನಂಬಿರುವುದರಿಂದ. ಹತ್ತು ಜನ ಸೇರಿ, ಲೆಕ್ಕ ಹಾಕಿ, ಒಬ್ಬರ ಮೈಯನ್ನು ಇನ್ನೊಬ್ಬರು ಕಾಯುತ್ತಾ ಮಾಡುವ ಕೆಲಸ ಅದು ಎಂದು ಕಂಡರೆ ಆ ನಶೆ ಇಳಿಯುತ್ತದೆ. ಬೀಳುವವರ ಹೆಸರು ಹೇಳುವುದರಿಂದ ಹೀರೋನ ಹುಸಿ ಪೌರುಷ ದೊಡ್ಡದಾಗುವುದಿಲ್ಲ, ತನ್ನ ಅಳತೆಗೆ ಇಳಿಯುತ್ತದೆ.

ಹೆಸರು ಮಾತ್ರ ಹೋಗಿದ್ದರೆ ಇಷ್ಟು ಬರೆಯುತ್ತಿರಲಿಲ್ಲ. ಜೀವಗಳೂ ಹೋಗಿವೆ.

2016ರ ನವೆಂಬರ್ 7. ‘ಮಾಸ್ತಿ ಗುಡಿ’ ಚಿತ್ರದ ಶೂಟಿಂಗಿನಲ್ಲಿ ಅನಿಲ್ ಮತ್ತು ಉದಯ್ ಎಂಬ ಇಬ್ಬರು ನಟರು ಹೆಲಿಕಾಪ್ಟರಿನಿಂದ ತಿಪ್ಪಗೊಂಡನಹಳ್ಳಿ ಜಲಾಶಯಕ್ಕೆ ಹಾರಿದರು. ಮೈಮೇಲೆ ಲೈಫ್ ಜಾಕೆಟ್ ಇರಲಿಲ್ಲ. ಹಾರುವ ಮೊದಲು ಟಿವಿ ಕ್ಯಾಮೆರಾ ಮುಂದೆ, ತಮಗೆ ಈಜು ಅಷ್ಟಾಗಿ ಬಾರದು, ಎತ್ತರ ಕಂಡರೆ ಭಯ ಎಂಬ ಮಾತುಗಳನ್ನು ಅವರೇ ಆಡಿದ್ದರು. ನಾವೆಲ್ಲ ಅದನ್ನು ನೋಡಿದ್ದು ಅವರು ಮುಳುಗಿದ ಮೇಲೆ. 2021ರ ಆಗಸ್ಟ್ 9ರಂದು ಬಿಡದಿ ಬಳಿ ‘ಲವ್ ಯು ರಚ್ಚು’ ಚಿತ್ರದ ಫೈಟ್ ಶೂಟಿಂಗಿನಲ್ಲಿ ವಿವೇಕ್ ಎಂಬ ಫೈಟರ್ ವಿದ್ಯುತ್ ತಗುಲಿ ಸತ್ತರು. 2025ರ ಜುಲೈನಲ್ಲಿ ತಮಿಳುನಾಡಿನ ನಾಗಪಟ್ಟಿಣಂ ಕಡೆ ಕಾರು ಹಾರಿಸುವ ದೃಶ್ಯದಲ್ಲಿ ಸ್ಟಂಟ್ ಕಲಾವಿದ ರಾಜು ತೀರಿಕೊಂಡರು. ಯಾರ ತಪ್ಪು ಎಂಬುದನ್ನು ಕೋರ್ಟು ನೋಡಲಿ. ನಾನು ಕೇಳುವುದು ಬೇರೆ. ಅನಿಲ್, ಉದಯ್ ತಮ್ಮ ಭಯವನ್ನು ಬಾಯಿಬಿಟ್ಟು ಹೇಳಿದ್ದರಲ್ಲ, ಆ ಮಾತಿಗೆ ಶೂಟಿಂಗ್ ನಿಲ್ಲಿಸುವ ಶಕ್ತಿ ಯಾಕಿರಲಿಲ್ಲ?

ಯಾಕೆಂದರೆ ಅಲ್ಲಿ ಬೆಲೆ ಇರುವುದು ವಿದ್ಯೆಗಲ್ಲ, ಗುಂಡಿಗೆಗೆ. ‘ಡ್ಯೂಪ್ ಇಲ್ಲದೆ ಮಾಡಿದ ರಿಯಲ್ ಸ್ಟಂಟ್’ ಎಂದು ಪ್ರಚಾರ ಮಾಡುತ್ತಾರೆ, ನಾವು ಮೆಚ್ಚುತ್ತೇವೆ. ವಿದ್ಯೆ ಇದ್ದವನ ಮೊದಲ ಪ್ರಶ್ನೆ, ಎಲ್ಲಿ ಬೀಳುತ್ತೇನೆ ಎಂಬುದು. ಕೆಳಗೆ ಏನಿದೆ, ಹಗ್ಗ ಯಾರ ಕೈಲಿದೆ, ತಂತಿ ಎಷ್ಟು ದೂರವಿದೆ, ನೀರಿಗಾದರೆ ದೋಣಿ ಎಲ್ಲಿ ನಿಂತಿದೆ ಎಂದು ಕೇಳುತ್ತಾನೆ. ಇವು ಅಂಜುಬುರುಕನ ಪ್ರಶ್ನೆಗಳಲ್ಲ, ಕಸುಬುದಾರನ ಪ್ರಶ್ನೆಗಳು. ‘ರಿಯಲ್’ ಎಂಬ ಮಾತಿನ ಎದುರು ಇವನ್ನು ಕೇಳಿದವನು ಪುಕ್ಕಲನಾಗುತ್ತಾನೆ, ನಾಳೆಯಿಂದ ಅವನಿಗೆ ಕರೆ ಬರುವುದಿಲ್ಲ. ಹೆಸರಿಲ್ಲದವನು ಒಲ್ಲೆ ಎನ್ನಲಾರ, ಅವನ ಜಾಗಕ್ಕೆ ಇನ್ನೊಬ್ಬ ಹೆಸರಿಲ್ಲದವನು ಕಾದಿರುತ್ತಾನೆ. ಹೆಸರಿನ ಪ್ರಶ್ನೆ ಜೀವದ ಪ್ರಶ್ನೆಯಾಗುವುದು ಹೀಗೆ.

ನಮ್ಮ ಸೀಮೆಯ ಕಲ್ಲುಗಳಿಗೆ ಇದು ಗೊತ್ತಿತ್ತು. ಸೊರಬ, ಶಿಕಾರಿಪುರ ತಾಲೂಕುಗಳಲ್ಲಿ ಕೆರೆ ಏರಿ, ಗುಡಿ ಹಿತ್ತಲು, ಗದ್ದೆ ಬದಿ, ಎಲ್ಲಿ ನೋಡಿದರೂ ವೀರಗಲ್ಲು. ಬಿ.ಎಲ್. ರೈಸ್ ‘ಎಪಿಗ್ರಾಫಿಯಾ ಕರ್ನಾಟಿಕಾ’ದ ಏಳು ಮತ್ತು ಎಂಟನೇ ಸಂಪುಟಗಳಲ್ಲಿ ಈ ಎರಡು ತಾಲೂಕಿನ ಶಾಸನಗಳನ್ನು 1902 ಮತ್ತು 1904ರಲ್ಲಿ ಅಚ್ಚು ಹಾಕಿಸಿದರು. ಉದ್ರಿಗೆ ಹೋಗಿ ನೋಡಿ. ಸಾಮಾನ್ಯವಾಗಿ ಕೆಳಗಿನ ಅಂಕಣದಲ್ಲಿ ಹೋರಾಟ, ನಡುವೆ ವೀರನನ್ನು ಕರೆದೊಯ್ಯುವ ಅಪ್ಸರೆಯರು, ಮೇಲೆ ಕೈಲಾಸ. ನಡುನಡುವೆ ಅಕ್ಷರ: ಯಾವ ರಾಜನ ಕಾಲ, ಯಾವ ಊರಿನ ತುರು ಹಿಡಿದಾಗ, ಯಾರು ಬಿದ್ದ. ತುರುಗಾಳಗದಲ್ಲಿ ಸತ್ತ ಊರ ಮನುಷ್ಯನಿಗೂ ಹೆಸರು. ಕೆಲವು ಕಡೆ ಅವನ ಮನೆಯವರಿಗೆ ಭೂಮಿ, ಅದಕ್ಕೆ ನೆತ್ತರುಗೊಡಗೆ ಎಂಬ ಪದವೇ ಇತ್ತು.

ಹಳೆಯ ಕಾಲ ಚೆನ್ನಾಗಿತ್ತು ಎಂದು ಹಾಡುವವಳು ನಾನಲ್ಲ. ಆ ಕಲ್ಲುಗಳು ಒಡೆಯನಿಗಾಗಿ ಸಾಯುವುದನ್ನೇ ಪುಣ್ಯವೆಂದು ಹೇಳಿಕೊಟ್ಟವು. ಅವುಗಳ ಪಕ್ಕದಲ್ಲೇ ಮಾಸ್ತಿಕಲ್ಲುಗಳಿವೆ, ಅವು ಹೆಣ್ಣಿನ ಮೈಯ ಮೇಲೆ ಬರೆದ ಲೆಕ್ಕ. ಆದರೂ ಬಿದ್ದವನ ಹೆಸರು ಬರೆಯಬೇಕು, ಅವನ ಮನೆಯವರಿಗೆ ಏನಾದರೂ ಕೊಡಬೇಕು ಎಂಬಷ್ಟು ಮರ್ಯಾದೆ ಆ ಕ್ರೂರ ಕಾಲಕ್ಕೂ ಇತ್ತು. ಕಲ್ಲಿನಲ್ಲಿ ಉಳಿ ಹಿಡಿದು ಕೆತ್ತಬೇಕಾಗಿದ್ದಾಗ ಹೆಸರು ಬರೆದರು. ಈಗ ಕಂಪ್ಯೂಟರಿನಲ್ಲಿ ಒಂದು ಸಾಲು ಸೇರಿಸಲು ನಮಗೆ ಜಾಗವಿಲ್ಲ.

ಜಗತ್ತು ನಿಧಾನವಾಗಿ ತಿದ್ದಿಕೊಳ್ಳುತ್ತಿದೆ. 2017ರಲ್ಲಿ ಘೋಷಣೆಯಾದ 64ನೇ ರಾಷ್ಟ್ರ ಚಲನಚಿತ್ರ ಪ್ರಶಸ್ತಿಗಳಲ್ಲಿ ಮೊದಲ ಬಾರಿಗೆ ಸಾಹಸ ನಿರ್ದೇಶನಕ್ಕೆ ಪ್ರಶಸ್ತಿ ಬಂತು. ಅದಾದ ಮೇಲೆ ‘ಕೆಜಿಎಫ್’ನ ಎರಡೂ ಭಾಗಗಳಿಗೆ, ‘ಅವನೇ ಶ್ರೀಮನ್ನಾರಾಯಣ’ಕ್ಕೆ, ಹೀಗೆ ಕನ್ನಡ ಚಿತ್ರಗಳಿಗೇ ಮೂರು ಸಲ ಅದು ಸಿಕ್ಕಿತು. ಆಸ್ಕರ್ ಸಹ 2028ರಿಂದ ಸ್ಟಂಟಿಗೆ ಪ್ರಶಸ್ತಿ ಕೊಡುವುದಾಗಿ ಹೇಳಿದೆ. ಕನ್ನಡ ಸಿನಿಮಾ ದೇಶದಲ್ಲಿ ಮೂರು ಸಲ ಗೆದ್ದ ಕಲೆಯ ಬಗ್ಗೆ ಕನ್ನಡದಲ್ಲಿ ಒಂದು ಒಳ್ಳೆಯ ಪುಸ್ತಕ ಓದಬೇಕೆಂದರೆ ನನ್ನ ಕೈಗೆ ಸಿಗುತ್ತಿಲ್ಲ. ಪ್ರಶಸ್ತಿಯೂ ನಿರ್ದೇಶಿಸಿದವರಿಗೆ ನಿಲ್ಲುತ್ತದೆ, ಬಿದ್ದವರವರೆಗೆ ಇಳಿಯುವುದಿಲ್ಲ. ಹಿಂದಿಯಲ್ಲಿ ಅಕ್ಷಯ್ ಕುಮಾರ್ ಸುಮಾರು 650 ಸ್ಟಂಟ್ ಕಲಾವಿದರಿಗೆ ವಿಮೆ ಮಾಡಿಸಿದ ಸುದ್ದಿ ಓದಿ ಎಲ್ಲರೂ ಹೊಗಳಿದೆವು. ಹೊಗಳಬೇಕಾದ್ದೇ. ಆದರೆ ತಾರೆಯ ಔದಾರ್ಯ ಹಕ್ಕಾಗುವುದಿಲ್ಲ, ತಾರೆ ಮನಸ್ಸು ಬದಲಿಸಿದ ದಿನ ಅದು ಮುಗಿಯುತ್ತದೆ. ಕರ್ನಾಟಕದಲ್ಲಿ ಸಿನಿ ಮತ್ತು ಸಾಂಸ್ಕೃತಿಕ ಕಾರ್ಯಕರ್ತರ ಕಲ್ಯಾಣಕ್ಕೆ 2024ರಲ್ಲಿ ಕಾಯ್ದೆ ಬಂತು, ಟಿಕೆಟ್ಟಿನ ಮೇಲೆ ಸೆಸ್ ಹಾಕಿ ನಿಧಿ ಮಾಡುವ ಏರ್ಪಾಡಿದೆ. ಒಳ್ಳೆಯದು. ಆದರೆ ನಿಧಿ ಬಿದ್ದ ಮೇಲಿನ ಮಾತು. ಬೀಳುವ ಮೊದಲಿನದ್ದನ್ನೂ ನಾವು ಕೇಳಬೇಕು. ಪ್ರತಿ ಫೈಟರನ ಹೆಸರು ಟೈಟಲ್ಲಿನಲ್ಲಿ ಬರಲಿ. ಶಾಟಿಗೆ ಮೊದಲು ವಿಮೆಯ ಕಾಗದ ಕೈಯಲ್ಲಿರಲಿ. ಒಲ್ಲೆ ಎಂದವನ ಕೆಲಸ ಹೋಗದಿರಲಿ. ನಟನೆಗೆ, ಛಾಯಾಗ್ರಹಣಕ್ಕೆ ಶಾಲೆಗಳಿರುವಂತೆ ಬೀಳುವುದಕ್ಕೂ ಒಂದು ಪಠ್ಯ, ಒಬ್ಬ ಮೇಷ್ಟ್ರು ಇರಲಿ.

ಮೇಷ್ಟ್ರು ಇದ್ದಾರೆ. ನಮ್ಮ ಮಾಸ್ಟರು ಬೆಂಗಳೂರಿನಲ್ಲಿ ಆರು ವರ್ಷ ಬಿದ್ದು, ಭುಜ ಕಳಚಿಕೊಂಡು ಊರಿಗೆ ಬಂದರು. ಸರಕಾರಿ ಶಾಲೆಯ ಹೆಣ್ಣುಮಕ್ಕಳಿಗೆ ಆತ್ಮರಕ್ಷಣೆ ಕಲಿಸುವ ಯೋಜನೆಯಲ್ಲಿ ಅವರಿಗೆ ವರ್ಷಕ್ಕೆ ಮೂರು ತಿಂಗಳು ಕೆಲಸ, ಶಾಲೆಯೊಂದಕ್ಕೆ ತಿಂಗಳಿಗೆ 5,000 ರೂಪಾಯಿ. ಉಳಿದ ತಿಂಗಳು ಶುಂಠಿ ಕಣದಲ್ಲಿ ಲೆಕ್ಕ ಬರೆಯುತ್ತಾರೆ. ಕಳೆದ ಸಲ ಊರಿಗೆ ಹೋದಾಗ ಈ ಬರಹದ ವಿಷಯ ಹೇಳಿ, ನಿಮ್ಮ ಹೆಸರು ಹಾಕುತ್ತೇನೆ ಎಂದೆ. ಕ್ಲಾಸು ಮುಗಿಸಿ ಕಾಲಿನ ಮಣ್ಣು ಕೊಡವಿಕೊಳ್ಳುತ್ತಿದ್ದರು.

“ಬೇಡ ಮಾರಾಯ್ತಿ” ಎಂದರು. “ಹಾಕೋದಾಗಿದ್ರೆ ಅವತ್ತು ಅವ್ರು ಹಾಕ್ಬೇಕಿತ್ತು. ಈಗ ನೀನು ಹಾಕಿದ್ರೆ ಅದು ನಿನ್ನ ದೊಡ್ಡಸ್ತಿಕೆ ಆಗ್ತದೆ, ನನ್ನ ಹಕ್ಕು ಆಗಲ್ಲ.”

ಅದಕ್ಕೇ ಇಲ್ಲಿ ಅವರ ಹೆಸರಿಲ್ಲ. ಈ ಬರಹದಲ್ಲಿ ನಾನು ಹೇಳಹೊರಟದ್ದನ್ನು ಅವರು ಒಂದೇ ಮಾತಿನಲ್ಲಿ ಹೇಳಿ ಮುಗಿಸಿದ್ದರು. ಆಮೇಲೆ ಗೇಟಿನ ಕಡೆ ಓಡುತ್ತಿದ್ದ ಆರನೇ ಕ್ಲಾಸಿನ ಹುಡುಗಿಯನ್ನು ವಾಪಸು ಕರೆದರು. ಅವಳು ಬೀಳುವಾಗ ಗದ್ದ ಎತ್ತುತ್ತಿದ್ದಳಂತೆ. ಮತ್ತೆ ಬೀಳಿಸಿದರು, ಮತ್ತೆ. ನಾಲ್ಕನೆಯ ಸಲ ಸರಿಯಾಯಿತು.